ಸೀಸೆಯ ಮೇಲಿನ ನಾಡು

ಭದ್ರಾವತಿಯ ಕಬ್ಬಿಣದ ಕಾರ್ಖಾನೆ 1923ರಲ್ಲಿ ಉತ್ಪಾದನೆ ಶುರುಮಾಡಿದಾಗ ಅಲ್ಲಿ ಕಬ್ಬಿಣದ ಜೊತೆಗೆ ಒಂದು ಬಗೆಯ ಮದ್ಯಸಾರವೂ ತಯಾರಾಗುತ್ತಿತ್ತು. ಅದಿರನ್ನು ಕರಗಿಸಲು ಕಲ್ಲಿದ್ದಲು ಹತ್ತಿರದಲ್ಲೆಲ್ಲೂ ಸಿಗದ ಕಾರಣ ಮಲೆನಾಡಿನ ಕಾಡಿನ ಸೌದೆಯನ್ನು ಗಾಳಿಯಾಡದ ಕೋಣೆಗಳಲ್ಲಿ ಕಾಯಿಸಿ ಇದ್ದಿಲು ಮಾಡುತ್ತಿದ್ದರು. ಹಾಗೆ ಕಾಯಿಸುವಾಗ ಏಳುವ ಹಬೆಯನ್ನು ತಣಿಸಿದರೆ ಕಂದು ಬಣ್ಣದ, ಮೂಗಿಗೆ ಘಾಟು ಹೊಡೆಯುವ ದ್ರವ ಇಳಿಯುತ್ತದೆ. ಅದನ್ನು ಬೇರ್ಪಡಿಸಿದರೆ ಟಾರು, ಸುಣ್ಣದ ಅಸಿಟೇಟು ಮತ್ತು ಮಿಥೈಲ್ ಆಲ್ಕೊಹಾಲ್ ಸಿಗುತ್ತವೆ. ಮಿಥೈಲ್ ಕುಡಿದವರ ಕಣ್ಣು ಹೋಗುತ್ತದೆ, ಜೀವವೂ ಹೋಗುತ್ತದೆ. 1981ರಲ್ಲಿ ಬೆಂಗಳೂರಿನಲ್ಲಿ ಮುನ್ನೂರಕ್ಕೂ ಹೆಚ್ಚು ಬಡವರನ್ನು ಕೊಂದ ಕಳ್ಳಭಟ್ಟಿಯಲ್ಲಿ ಬೆರೆತಿದ್ದುದು ಇದೇ ವಿಷ. ಕೈಗಾರಿಕೆಯ ಸ್ಪಿರಿಟ್ಟನ್ನು ಯಾರೂ ಕುಡಿಯದಂತೆ ಕೆಡಿಸಲು ಜಗತ್ತಿನ ಹಲವೆಡೆ ಬಳಸಿದ್ದೂ ಇದನ್ನೇ. ಮೈಸೂರು ಸಂಸ್ಥಾನ ಹೆಮ್ಮೆಯಿಂದ ತನ್ನ ಹೆಸರಿಟ್ಟು ಮಾರಿದ ಮದ್ಯಸಾರ ಇಂಥದ್ದು: ಕುಡಿತಕ್ಕೆ ಒದಗದ, ಕಾರ್ಖಾನೆಗೆ ಮಾತ್ರ ಒದಗುವ ಸರಕು. ಮುಂದಿನ ನೂರು ವರ್ಷಗಳಲ್ಲಿ ಈ ಲೆಕ್ಕ ತಿರುವುಮುರುವಾಯಿತು. ನಾಡಿನ ಹೆಸರು ಹೊತ್ತ ಕಬ್ಬಿಣವೂ ಕಾಗದವೂ ಹಿಂದೆ ಸರಿದವು. ನಾಡಿನ ಹೆಮ್ಮೆಯನ್ನು ಹೊತ್ತು ಮೆರೆಯುವ ಜಾಗಕ್ಕೆ ಬಿಯರು, ವಿಸ್ಕಿ ಬಂದು ನಿಂತವು. ಇದು ಹೇಗಾಯಿತು, ಇದರಲ್ಲಿ ನಾಡಿಗೆ ದಕ್ಕಿದ್ದೇನು ಎಂಬುದನ್ನು ಶಿವಮೊಗ್ಗ ಸೀಮೆಯಲ್ಲಿ ನಿಂತು ನೋಡಿದರೆ ಬೇರೆಲ್ಲಿಂದಲೂ ಕಾಣದಷ್ಟು ನಿಚ್ಚಳವಾಗಿ ಕಾಣುತ್ತದೆ.

ಸರಕಿಗೆ ನಾಡಿನ ಹೆಸರಿಡುವುದು ಮದ್ಯದವರು ಕಂಡುಹಿಡಿದ ಉಪಾಯವಲ್ಲ. ಮೊದಲ ಮಹಾಯುದ್ಧದಲ್ಲಿ ಗಂಧದ ಮರಕ್ಕೆ ಜರ್ಮನಿಯ ಮಾರುಕಟ್ಟೆ ಮುಚ್ಚಿಹೋದಾಗ ಮೈಸೂರು ಸರ್ಕಾರ 1916ರಲ್ಲಿ ತಾನೇ ಎಣ್ಣೆ ತೆಗೆಯಲು ನಿಂತಿತು. ಆ ಎಣ್ಣೆಯಿಂದ ಬಂದ ಸಾಬೂನಿಗೆ ಮೈಸೂರಿನ ಹೆಸರನ್ನೇ ಇಟ್ಟಿತು. ಆನೆಯ ತಲೆ, ಸಿಂಹದ ಮೈಯ ಶರಭ ಅದರ ಗುರುತಾಯಿತು. 1944ರಲ್ಲಿ ಗಂಧದೆಣ್ಣೆಯ ಎರಡನೆಯ ಕಾರ್ಖಾನೆ ಶಿವಮೊಗ್ಗಕ್ಕೇ ಬಂತು. ಬೆಂಕಿಪುರ ಎಂದು ಕರೆಸಿಕೊಳ್ಳುತ್ತಿದ್ದ ಭದ್ರಾವತಿಯಲ್ಲಿ ವಿಶ್ವೇಶ್ವರಯ್ಯನವರು ಕನಸು ಕಂಡ ಕಬ್ಬಿಣದ ಕಾರ್ಖಾನೆಗೆ ಕೆಮ್ಮಣ್ಣುಗುಂಡಿಯ ಅದಿರು ಇಳಿಯಿತು. 1936ರಲ್ಲಿ ಮೈಸೂರು ಕಾಗದದ ಕಾರ್ಖಾನೆ ಹುಟ್ಟಿತು. ಇವೆಲ್ಲಕ್ಕೂ ‘ಮೈಸೂರು’ ಎಂಬುದೇ ಮುದ್ರೆ. ಕೊಳ್ಳುವವನಿಗೆ ಆ ಹೆಸರು ಹೇಳುತ್ತಿದ್ದುದು ಇಷ್ಟು: ಇದರ ಹಿಂದೆ ಒಂದು ಸರ್ಕಾರ ಇದೆ, ನಷ್ಟವಾದರೆ ಪ್ರಜಾಪ್ರತಿನಿಧಿ ಸಭೆಯಲ್ಲಿ ಪ್ರಶ್ನೆ ಏಳುತ್ತದೆ, ಲಾಭವಾದರೆ ಊರಿಗೊಂದು ಶಾಲೆ, ಆಸ್ಪತ್ರೆ, ವಸತಿ ಬರುತ್ತದೆ. ಈ ಹೆಮ್ಮೆಗೆ ನಾವು ತೆತ್ತ ಬೆಲೆಯನ್ನು ಮರೆಮಾಚಬಾರದು. ಇದ್ದಿಲಿಗಾಗಿ ಶಿವಮೊಗ್ಗ, ಚಿಕ್ಕಮಗಳೂರು ಸೀಮೆಯ ಎಷ್ಟೋ ಕಾಡು ಬೋಳಾಯಿತು. ಕಾರ್ಖಾನೆಗಳ ಕೊಳೆ ಸೇರಿ ಭದ್ರೆಯ ನೀರು ಕೆಟ್ಟಿತು. ಆದರೂ ಹೆಸರಿಗೂ ಹೊಣೆಗೂ ನಡುವೆ ಒಂದು ಹಗ್ಗ ಕಟ್ಟಿತ್ತು. ಹಗ್ಗದ ಒಂದು ತುದಿ ಹಿಡಿದು ಜಗ್ಗಿದರೆ ಇನ್ನೊಂದು ತುದಿಯಲ್ಲಿ ಯಾರೋ ತಿರುಗಿ ನೋಡಲೇಬೇಕಿತ್ತು.

ಅದೇ ಕಾಲದಲ್ಲಿ ಮದ್ಯಕ್ಕೂ ದೇಶಪ್ರೇಮಕ್ಕೂ ಎಣ್ಣೆ ಸೀಗೆಕಾಯಿಯ ಸಂಬಂಧ. 1927ರ ಆಗಸ್ಟಿನಲ್ಲಿ ಗಾಂಧೀಜಿ ಶಿವಮೊಗ್ಗ ಸೀಮೆಗೆ ಬಂದರು. ಖಾದಿ ಮತ್ತು ಅಸ್ಪೃಶ್ಯತಾ ನಿವಾರಣೆಯಂತೆಯೇ ಪಾನನಿಷೇಧವೂ ಅವರ ಕಾರ್ಯಕ್ರಮದ ಬುಡದಲ್ಲೇ ಇತ್ತು. 1930ರ ಜನವರಿಯಲ್ಲಿ ಅವರು ವೈಸ್‌ರಾಯ್ ಇರ್ವಿನ್ನರ ಮುಂದಿಟ್ಟ ಹನ್ನೊಂದು ಬೇಡಿಕೆಗಳಲ್ಲಿ ಮೊದಲನೆಯದೇ ಸಂಪೂರ್ಣ ಪಾನನಿಷೇಧ. 1931ರ ಒಪ್ಪಂದದಲ್ಲಿ ಮದ್ಯದಂಗಡಿಗಳ ಮುಂದೆ ಶಾಂತಿಯುತವಾಗಿ ಪಿಕೆಟಿಂಗ್ ಮಾಡುವ ಹಕ್ಕನ್ನು ಅವರು ಬಿಟ್ಟುಕೊಡಲಿಲ್ಲ. ನಮ್ಮ ನೆರೆಯ ಚಿತ್ರದುರ್ಗದ ತುರುವನೂರಿನಲ್ಲಿ 1939ರಲ್ಲಿ ನಿಜಲಿಂಗಪ್ಪನವರ ಮುಂದಾಳತ್ವದಲ್ಲಿ ನಡೆದ ಸತ್ಯಾಗ್ರಹದಲ್ಲಿ ಜನ ಕೊಡಲಿ ಹಿಡಿದು ಹೋಗಿ ಈಚಲ ಮರಗಳನ್ನು ಕಡಿದರು. ಈಚಲ ಮರದ ನೆತ್ತಿಯ ಬುಡವನ್ನು ಕೆತ್ತಿ, ಕೆಳಗೆ ಮಡಕೆ ಕಟ್ಟಿದರೆ ರಾತ್ರಿಯೆಲ್ಲ ಹನಿ ಹನಿಯಾಗಿ ಹೆಂಡ ಇಳಿಯುತ್ತದೆ. ಪ್ರತಿ ಹನಿಯಲ್ಲೂ ಸರ್ಕಾರದ ಅಬಕಾರಿ ಪಾಲಿತ್ತು. ಆದ್ದರಿಂದ ಮರ ಉರುಳಿಸುವುದೆಂದರೆ ಕುಡಿತವನ್ನು ಖಂಡಿಸುವುದಷ್ಟೇ ಆಗಿರಲಿಲ್ಲ, ಪ್ರಜೆಗಳಿಗೆ ಹೊಣೆಯಾಗದ ಆಡಳಿತದ ಬೊಕ್ಕಸಕ್ಕೆ ಕೊಡಲಿ ಹಾಕುವುದೂ ಆಗಿತ್ತು. ಅಂದು ನಾಡನ್ನು ಪ್ರೀತಿಸುವವನ ಕೈಯಲ್ಲಿ ಮಡಕೆ ಇರಲಿಲ್ಲ, ಕೊಡಲಿ ಇತ್ತು.

ಇಲ್ಲಿ ನ್ಯಾಯವಾದ ಆಕ್ಷೇಪವೊಂದಿದೆ. ಆ ಕೊಡಲಿಯ ಏಟು ಮರಕ್ಕಷ್ಟೇ ಬೀಳಲಿಲ್ಲ, ಮರವನ್ನೇ ನಂಬಿದ್ದ ಮನೆಗಳ ಮೇಲೂ ಬಿತ್ತು. ಮಲೆನಾಡಿನಲ್ಲಿ ಬಗನಿ ಕಳ್ಳು ಗದ್ದೆಯ ದುಡಿಮೆಗೂ ಹಬ್ಬಕ್ಕೂ ದೈವದ ಎಡೆಗೂ ಸೇರಿಕೊಂಡ ವಸ್ತು. ಕುವೆಂಪು ಅವರ ಕಾದಂಬರಿಗಳಲ್ಲಿ ಕಳ್ಳಂಗಡಿ ಊರಿನ ಬದುಕಿನ ಒಂದು ಮೂಲೆಯಾಗಿಯೇ ಬರುತ್ತದೆ, ಅದರ ಸಾಲ, ಜಗಳ, ಸಂಕಟಗಳ ಸಮೇತ. ಇಂಥ ಕುಡಿತಕ್ಕೆ ಜಾಹೀರಾತು ಬೇಕಿರಲಿಲ್ಲ, ಹೆಸರೂ ಬೇಕಿರಲಿಲ್ಲ. ಮರ ಎಲ್ಲಿದೆ, ಇಳಿಸಿದವರು ಯಾರು ಎಂಬುದು ಕುಡಿಯುವವನಿಗೆ ಗೊತ್ತಿತ್ತು. ದೇಶಪ್ರೇಮದ ಹೆಸರಿನಲ್ಲಿ ಮೊದಲು ಪೆಟ್ಟು ತಿಂದದ್ದು ಈ ಬಡವರ ಪಾನ ಎಂಬ ಮಾತನ್ನು ಒಪ್ಪಲೇಬೇಕು. 2007ರ ಜುಲೈ 1ರಂದು ರಾಜ್ಯದಲ್ಲಿ ಸಾರಾಯಿ ನಿಂತಾಗಲೂ ಆದದ್ದು ಇದೇ. ಆ ತೀರ್ಮಾನದ ಹೊತ್ತಿಗೆ ಹಣಕಾಸು ಖಾತೆ ಇದ್ದದ್ದು ಶಿಕಾರಿಪುರದ ಶಾಸಕ ಯಡಿಯೂರಪ್ಪನವರ ಕೈಯಲ್ಲಿ. ಸಾರಾಯಿಯಿಂದ ಹಾಳಾದ ಮನೆಗಳ ಹೆಂಗಸರಿಗೆ ಅದು ನಿಜವಾದ ಸಮಾಧಾನ ತಂದ ನಿರ್ಧಾರ. ಆದರೆ ಹೆಸರಿಲ್ಲದ ಪಾನ ಹೋದಮೇಲೆ ಉಳಿದದ್ದು ಹೆಸರಿರುವ ಪಾನ ಮಾತ್ರ. ಮರದಿಂದ ಇಳಿಯುತ್ತಿದ್ದುದೂ ಪಾಕೀಟಿನಲ್ಲಿ ಬರುತ್ತಿದ್ದುದೂ ಮರೆಯಾಗಿ, ಚೀಟಿ ಅಂಟಿಸಿದ ಸೀಸೆಯೊಂದೇ ಅಂಗಡಿಯಲ್ಲಿ ನಿಂತಿತು. ಹೆಸರಿರುವ ವಸ್ತುವಿಗೇ ಜಾಹೀರಾತು ಬೇಕು. ಜಾಹೀರಾತಿಗೊಂದು ಕಥೆ ಬೇಕು. ಆ ಕಥೆಯನ್ನು ಅದು ನಾಡಿನಿಂದ ಎರವಲು ತಂದಿತು.

ಬಿಯರಿನ ದಾರಿಯೇ ಬೇರೆ. ಅದು ನಮ್ಮ ನೆಲಕ್ಕೆ ಬಂದದ್ದು ದಂಡಿನ ಜೊತೆ. ನೀಲಗಿರಿಯಲ್ಲಿ 1857ರಲ್ಲಿ ಕ್ಯಾಸಲ್ ಬ್ರೂವರಿ, 1885ರಲ್ಲಿ ಬೆಂಗಳೂರು ಬ್ರೂವಿಂಗ್ ಕಂಪನಿ ಹುಟ್ಟಿದವು. ದೊಡ್ಡ ಪೀಪಾಯಿಗಳು ಎತ್ತಿನ ಗಾಡಿಯ ಮೇಲೆ ಬ್ರಿಟಿಷ್ ಸೈನಿಕರಿದ್ದ ಕಡೆಗೆ ಸಾಗುತ್ತಿದ್ದವು. 1915ರಲ್ಲಿ ಥಾಮಸ್ ಲೀಷ್ಮನ್ ಎಂಬ ಸ್ಕಾಟ್ಲೆಂಡಿನವನು ಇಂಥ ಕೆಲವು ಬ್ರೂವರಿಗಳನ್ನು ಕೂಡಿಸಿ ಯುನೈಟೆಡ್ ಬ್ರೂವರೀಸ್ ಕಟ್ಟಿದ. 1947ರಲ್ಲಿ ಕರಾವಳಿ ಮೂಲದ ವಿಠ್ಠಲ ಮಲ್ಯ ಅದರ ಮೊದಲ ಭಾರತೀಯ ನಿರ್ದೇಶಕರಾದರು, ಮರುವರ್ಷ ಅಧ್ಯಕ್ಷರೂ ಆದರು. ಇದನ್ನು ಸಣ್ಣದೆಂದು ಬದಿಗೆ ಸರಿಸಲಾಗದು. ದೇಶ ಸ್ವತಂತ್ರವಾದ ವರ್ಷವೇ ಪರದೇಶೀಯರ ಉದ್ಯಮವೊಂದು ನಮ್ಮವರ ಕೈಗೆ ಬರಲು ತೊಡಗಿದ್ದು ನಿಜವಾದ ಸ್ವದೇಶೀಕರಣವೇ; ಬಂಡವಾಳ, ಆಡಳಿತ, ದುಡಿಮೆ ಮೂರೂ ಇಲ್ಲಿಯವಾದವು. ಅಷ್ಟಾದರೂ ಆ ಕಾಲದ ಬಿಯರು ತನ್ನನ್ನು ದೇಶಭಕ್ತಿಯ ಸರಕೆಂದು ಕರೆದುಕೊಳ್ಳಲಿಲ್ಲ. ಕರೆದುಕೊಳ್ಳುವ ವಾತಾವರಣವೂ ಇರಲಿಲ್ಲ. ಸಂವಿಧಾನದ 47ನೆಯ ವಿಧಿ ಪಾನನಿಷೇಧವನ್ನು ರಾಜ್ಯದ ಗುರಿಯೆಂದು ಬರೆಯಿತು. 1950ರಲ್ಲಿ ಬಂದ ಲಾಂಛನ ಮತ್ತು ಹೆಸರುಗಳ ಕಾಯ್ದೆ ರಾಷ್ಟ್ರಧ್ವಜವನ್ನಾಗಲಿ ಗಾಂಧೀಜಿಯ ಹೆಸರನ್ನಾಗಲಿ ವ್ಯಾಪಾರಕ್ಕೆ ಬಳಸದಂತೆ ತಡೆಯಿತು. ಆಗ ಚೀಟಿಯ ಮೇಲೆ ಬಂದು ಕೂತದ್ದು ಹದ್ದು, ಮಿಂಚುಳ್ಳಿ. 1978ರಲ್ಲಿ ಹೊಸದಾಗಿ ಮಾರುಕಟ್ಟೆಗೆ ಬಂದ ಯುನೈಟೆಡ್ ಬ್ರೂವರೀಸಿನ ಕಿಂಗ್‌ಫಿಷರ್ ಸೀಸೆಯ ಚೀಟಿಯನ್ನು ಹತ್ತಿರದಿಂದ ನೋಡಿ: ಉದ್ದ ಕೊಕ್ಕು, ನೀಲಿ ಬೆನ್ನು, ಕಿತ್ತಳೆ ಹೊಟ್ಟೆ. ತುಂಗೆಯ ದಂಡೆಯಲ್ಲಿ, ಭದ್ರಾ ನಾಲೆಯ ತಂತಿಯ ಮೇಲೆ ಕೂರುವ ಹಕ್ಕಿಯೇ ಅದು. ಆದರೆ ಅಂಗಡಿಯಲ್ಲಿ ಮಿಂಚುಳ್ಳಿ ಎಂದು ಕೇಳಿದವರುಂಟೆ? ಹಕ್ಕಿ ನಮ್ಮದಾಯಿತು, ಹೆಸರು ನಮ್ಮದಾಗಲಿಲ್ಲ.

ತಿರುವು ಬಂದದ್ದು ಜಾಹೀರಾತನ್ನು ತಡೆದಾಗ. 1994ರ ಕೇಬಲ್ ದೂರದರ್ಶನ ಜಾಲ ನಿಯಮಗಳಿಗೆ 2000ದಲ್ಲಿ ಬಂದ ತಿದ್ದುಪಡಿ ಮದ್ಯದ ನೇರ ಮತ್ತು ಪರೋಕ್ಷ ಜಾಹೀರಾತಿಗೆ ಬಾಗಿಲು ಹಾಕಿತು. ಹಾಕಿದವರ ಉದ್ದೇಶ ಒಳ್ಳೆಯದು. ಆದರೆ ಅದರ ಪರಿಣಾಮವನ್ನು ಕೂತು ಯೋಚಿಸಬೇಕು. ಒಂದು ವಸ್ತುವನ್ನು ಮಾರಬಹುದು, ಅದರಿಂದ ತೆರಿಗೆ ಪಡೆಯಬಹುದು, ಅದರ ರುಚಿ, ಬೆಲೆ, ಗುಣವನ್ನು ಮಾತ್ರ ಹೇಳುವಂತಿಲ್ಲ ಎಂದಾಗ ಜಾಹೀರಾತಿನಲ್ಲಿ ಒಂದು ಖಾಲಿ ಜಾಗ ಹುಟ್ಟುತ್ತದೆ. ವಸ್ತು ಇರಬೇಕಾದ ಆ ಜಾಗದಲ್ಲಿ ಬೇರೇನನ್ನೋ ಕೂರಿಸಬೇಕು. ಅದೇ ಹೆಸರಿನ ನೀರಿನ ಬಾಟಲಿ ಬಂತು, ಸೋಡಾ ಬಂತು, ಕ್ಯಾಲೆಂಡರ್ ಬಂತು, 2005ರಲ್ಲಿ ವಿಮಾನವೇ ಹಾರಿತು. ಎಲ್ಲಕ್ಕಿಂತ ಗಟ್ಟಿಯಾಗಿ ನಿಂತದ್ದು ಹೆಮ್ಮೆ. ಹೆಮ್ಮೆಯನ್ನು ಯಾವ ಕಾನೂನೂ ತಡೆಯಲಾರದು, ಅದಕ್ಕೆ ಕಾಸು ಕೊಡಬೇಕಿಲ್ಲ, ಅದು ಜನರ ಎದೆಯಲ್ಲಿ ಮೊದಲೇ ಇರುತ್ತದೆ. ಹೀಗಾಗಿ ಮದ್ಯದ ಜಾಹೀರಾತಿನಲ್ಲಿ ನಾವು ಇಂದು ಕಾಣುವ ನಾಡಪ್ರೇಮ ಯಾರದೋ ಎದೆಯಿಂದ ಉಕ್ಕಿದ್ದಲ್ಲ. ಸೀಸೆಯನ್ನು ತೋರಿಸಲಾಗದಾಗ ಆ ಖಾಲಿ ಜಾಗಕ್ಕೆ ತುಂಬಿದ್ದು ಅದು. ನನ್ನ ವಾದದ ತಿರುಳು ಇದೇ.

ಈ ತುಂಬುವಿಕೆ ಎಲ್ಲಿಯವರೆಗೆ ಹೋಯಿತು ಎಂಬುದಕ್ಕೆ ಎರಡು ಘಟನೆ ಸಾಕು. 2003ರಲ್ಲಿ ಲಂಡನ್ನಿನ ಹರಾಜಿನಲ್ಲಿ ಟಿಪ್ಪು ಸುಲ್ತಾನನ ಖಡ್ಗವನ್ನು ಯುನೈಟೆಡ್ ಬ್ರೂವರೀಸಿನ ಅಂದಿನ ಒಡೆಯ, ವಿಠ್ಠಲ ಮಲ್ಯರ ಮಗ ವಿಜಯ ಮಲ್ಯ ಕೊಂಡರು. 2004ರಲ್ಲಿ, ಕರ್ನಾಟಕದಲ್ಲಿ ಅವರ ಪಕ್ಷ ಚುನಾವಣೆಗೆ ನಿಂತ ಹೊತ್ತಿನಲ್ಲಿ, ಅದು ನಾಡಿಗೆ ಗೊತ್ತಾಯಿತು. 2009ರ ಮಾರ್ಚಿನಲ್ಲಿ ನ್ಯೂಯಾರ್ಕಿನ ಹರಾಜಿನಲ್ಲಿ ಗಾಂಧೀಜಿಯ ಕನ್ನಡಕ, ಗಡಿಯಾರ, ಚಪ್ಪಲಿ, ಬಟ್ಟಲು, ತಟ್ಟೆಗಳನ್ನು ಅವರೇ 18 ಲಕ್ಷ ಡಾಲರಿಗೆ ಪಡೆದರು. ಕಳೆದುಹೋದ ನಾಡಿನ ಒಡವೆ ಹಿಂದಕ್ಕೆ ಬಂತೆಂದು ಜನ ಸಂತೋಷಪಟ್ಟರು, ಆ ಸಂತೋಷದಲ್ಲಿ ಸುಳ್ಳಿರಲಿಲ್ಲ. ಕೊಂಡವರ ಮನಸ್ಸಿನಲ್ಲಿ ಏನಿತ್ತೆಂದು ನಾನು ತೀರ್ಪು ಹೇಳುತ್ತಿಲ್ಲ. ಆದರೆ ಇತಿಹಾಸ ಒಂದು ಮಾತನ್ನು ನೆನಪಿಸುತ್ತದೆ. ತನ್ನ ರಾಜ್ಯದಲ್ಲಿ ಮದ್ಯದ ತಯಾರಿ, ಮಾರಾಟಗಳನ್ನು ನಿಲ್ಲಿಸಲು ಆಜ್ಞೆ ಹೊರಡಿಸಿದ ಅರಸ ಟಿಪ್ಪು. ಪಾನನಿಷೇಧವನ್ನು ಬೇಡಿಕೆಗಳ ಪಟ್ಟಿಯ ತಲೆಗೆ ಇಟ್ಟವರು ಗಾಂಧಿ. ಇಬ್ಬರ ವಸ್ತುಗಳೂ ಮದ್ಯದ ಹಣದಿಂದ ಮನೆಗೆ ಬಂದವು. ಇಬ್ಬರ ಮಾತು ಮಾತ್ರ ಅವುಗಳ ಜೊತೆ ಬರಲಿಲ್ಲ. ನಾಡಿನ ಗುರುತುಗಳನ್ನು ಕೊಳ್ಳಬಹುದು, ಅವು ಹೇಳುತ್ತಿದ್ದ ಕಟ್ಟುಪಾಡನ್ನು ಕೊಳ್ಳಲಾಗದು.

ಕ್ರಿಕೆಟ್ಟಿನ ಕಥೆ ಭದ್ರಾವತಿಗೆ ಇನ್ನೂ ಹತ್ತಿರ. ಜಿ.ಆರ್. ವಿಶ್ವನಾಥ್ ಹುಟ್ಟಿದ್ದು ಭದ್ರಾವತಿಯಲ್ಲಿ, 1949ರಲ್ಲಿ. 1969ರಲ್ಲಿ ಕಾನ್ಪುರದ ತಮ್ಮ ಮೊದಲ ಟೆಸ್ಟಿನಲ್ಲೇ 137 ರನ್ ಹೊಡೆದಾಗ ಅವರ ಆಟ ಯಾವ ಸರಕನ್ನೂ ಮಾರಲಿಲ್ಲ. ಆದರೂ ಕನ್ನಡಿಗರ ಎದೆ ಉಬ್ಬಿತು. 2008ರಲ್ಲಿ ಐಪಿಎಲ್ ಬಂದಾಗ ಬೆಂಗಳೂರಿನ ತಂಡಕ್ಕೆ ಇಟ್ಟದ್ದು ರಾಯಲ್ ಚಾಲೆಂಜ್ ಎಂಬ ವಿಸ್ಕಿಯ ಹೆಸರು. ಮುಂದೆ ಆ ತಂಡ ‘ನಮ್ಮ’ ತಂಡವಾಯಿತು. ‘ಈ ಸಲ ಕಪ್ ನಮ್ದೇ’ ಎಂಬ ಕೂಗು ಶಿವಮೊಗ್ಗದ ಆಟೋಗಳ ಬೆನ್ನಿಗೂ ಹಳ್ಳಿಯ ಹುಡುಗರ ಅಂಗಿಗೂ ಹತ್ತಿತು. 2014ರಲ್ಲಿ ಇಂಗ್ಲಿಷಿನಲ್ಲೂ ಊರಿನ ಹೆಸರು ಬೆಂಗಳೂರು ಎಂದಾಗಿತ್ತು. ತಂಡ ತನ್ನ ಹೆಸರಿನಲ್ಲಿ ಆ ಬದಲಾವಣೆಯನ್ನು ಒಪ್ಪಿಕೊಂಡದ್ದು 2024ರಲ್ಲಿ. ಅಭಿಮಾನಿಗಳ ಪ್ರೀತಿಯನ್ನು ನಾನು ಪೂರ್ತಿ ಗೌರವಿಸುತ್ತೇನೆ. ಆಟವನ್ನು ಪ್ರೀತಿಸುವುದು, ಭಾಷೆಯನ್ನು ಪ್ರೀತಿಸುವುದು ತಪ್ಪೆಂದು ಯಾರು ಹೇಳಿಯಾರು? ಗಮನಿಸಬೇಕಾದದ್ದು ಆ ಹೆಸರಿನ ರಚನೆಯನ್ನು. ಅದರಲ್ಲಿ ಕೊನೆಯ ಪದ ನಾಡಿನದು, ಮೊದಲೆರಡು ಸೀಸೆಯವು. ಬದಲಾಗಿ ನಾಡಿನ ಮನಸ್ಸಿಗೆ ಹೊಂದಿಕೊಂಡದ್ದು ಕೊನೆಯ ಪದ, ಅಲುಗದೆ ಉಳಿದದ್ದು ಮೊದಲೆರಡು. ‘ನಮ್ದೇ’ ಎಂದು ಕೂಗುವ ಹತ್ತು ವರ್ಷದ ಮಗುವಿನ ಬಾಯಲ್ಲೂ ಆ ಎರಡು ಪದ ಇವೆ.

ಇದು ಕನ್ನಡ ನಾಡಿನದಷ್ಟೇ ವರ್ತನೆಯಲ್ಲ. ಕೆನಡಾದಲ್ಲಿ 2000ದಲ್ಲಿ ಮೋಲ್ಸನ್ ಬಿಯರಿನ ಜಾಹೀರಾತಿನಲ್ಲಿ ಸಾಮಾನ್ಯ ಯುವಕನೊಬ್ಬ ವೇದಿಕೆಯೇರಿ ತಾನು ಕೆನಡಾದವನೆಂದು ಎದೆತಟ್ಟಿ ಹೇಳಿದ. ಇಡೀ ದೇಶ ಅವನ ಜೊತೆ ದನಿಗೂಡಿಸಿತು. ಐದೇ ವರ್ಷದಲ್ಲಿ, 2005ರಲ್ಲಿ, ಆ ಕಂಪನಿ ಅಮೆರಿಕದ ಕೂರ್ಸ್ ಜೊತೆ ಸೇರಿತು. ಅಮೆರಿಕದ ಬಡ್‌ವೈಸರ್ 2008ರಲ್ಲಿ ಬೆಲ್ಜಿಯಂ ಮೂಲದ ಇನ್‌ಬೆವ್ ಪಾಲಾಯಿತು; 2016ರ ಬೇಸಿಗೆಯಲ್ಲಿ ತನ್ನ ಡಬ್ಬಿಗಳ ಮೇಲೆ ಬ್ರ್ಯಾಂಡಿನ ಹೆಸರು ಅಳಿಸಿ ‘ಅಮೆರಿಕ’ ಎಂದೇ ಅಚ್ಚು ಹಾಕಿತು. ಇಂಗ್ಲೆಂಡಿನ ಭಾರತೀಯ ಊಟದ ಹೋಟೆಲುಗಳಿಗೆಂದು ಕರಣ್ ಬಿಲಿಮೋರಿಯಾ ಕಟ್ಟಿದ ಕೋಬ್ರಾ ಬಿಯರು 1990ರಲ್ಲಿ ಮೊದಲು ತಯಾರಾದದ್ದು ಬೆಂಗಳೂರಿನ ಮೈಸೂರು ಬ್ರೂವರೀಸಿನಲ್ಲಿ. ಕೆಲವು ವರ್ಷಗಳಲ್ಲಿ ತಯಾರಿಕೆ ಇಂಗ್ಲೆಂಡಿಗೆ ಹೋಯಿತು, 2009ರಲ್ಲಿ ಹೆಚ್ಚಿನ ಪಾಲು ಅದೇ ಮೋಲ್ಸನ್ ಕೂರ್ಸ್ ಕೈಗೆ ಹೋಯಿತು, ಭಾರತದ ಹೆಡೆ ಮಾತ್ರ ಸೀಸೆಯ ಮೇಲೆ ಉಳಿಯಿತು. ಕೊನೆಗೆ 2021ರಲ್ಲಿ ನಮ್ಮ ಮಿಂಚುಳ್ಳಿಯ ಕಂಪನಿಯಲ್ಲೂ ಅರ್ಧಕ್ಕಿಂತ ಹೆಚ್ಚು ಪಾಲು ನೆದರ್ಲೆಂಡ್ಸಿನ ಹೈನೆಕೆನ್‌ಗೆ ಸೇರಿತು. ರಾಯಲ್ ಚಾಲೆಂಜಿನ ಕಂಪನಿ ಅದಕ್ಕೂ ಮೊದಲೇ ಬ್ರಿಟನ್ನಿನ ಡಿಯಾಜಿಯೊ ಹಿಡಿತಕ್ಕೆ ಬಂದಿತ್ತು. ಪರದೇಶದ ಬಂಡವಾಳ ಪಾಪವೆಂದು ನಾನು ಹೇಳುತ್ತಿಲ್ಲ. ಒಡೆತನ ಗಡಿ ದಾಟಿದರೂ ಜಾಹೀರಾತಿನ ದೇಶಪ್ರೇಮ ಒಂದಿಷ್ಟೂ ಕುಗ್ಗುವುದಿಲ್ಲ ಎಂಬುದನ್ನು ಗಮನಿಸಿ ಎನ್ನುತ್ತಿದ್ದೇನೆ. ಒಡೆಯ ಬದಲಾದರೂ ಬದಲಾಗದ ಪ್ರೀತಿ ಯಾರಿಗೂ ಕಟ್ಟುಬಿದ್ದದ್ದಲ್ಲ.

ಕುಡಿತ ಮತ್ತು ನಾಡಪ್ರೇಮ ಕನ್ನಡಕ್ಕೆ ಹೊಸ ಜೋಡಿಯಲ್ಲ, ಜಿ.ಪಿ. ರಾಜರತ್ನಂ ಅವರ ಯೆಂಡಕುಡುಕ ರತ್ನ ಇಲ್ಲವೇ ಎಂದು ಕೇಳಬಹುದು. ಇದು ನನ್ನ ವಾದಕ್ಕೆ ಎದುರಾಗುವ ಅತ್ಯಂತ ಸೊಗಸಾದ ಆಕ್ಷೇಪ, ಉತ್ತರವೂ ರತ್ನನ ಬಳಿಯೇ ಇದೆ. ದೇವರು ಎದುರಿಗೆ ಬಂದು ಹೆಂಡ ಬಿಡು ಎಂದರೆ ಬಿಡುತ್ತಾನೆ ಅವನು, ಕನ್ನಡ ಬಿಡು ಎಂದರೆ ತಿರುಗಿ ಬೀಳುತ್ತಾನೆ. ಅವನ ಎದೆಯಲ್ಲಿ ಯಾವುದು ಮೇಲೆ, ಯಾವುದು ಕೆಳಗೆ ಎಂಬುದರಲ್ಲಿ ಗೊಂದಲವಿಲ್ಲ. ಅವನು ಯಾವ ಅಂಗಡಿಯ ಪರವಾಗಿಯೂ ಹಾಡುವುದಿಲ್ಲ. ಅವನನ್ನು ಸೃಷ್ಟಿಸಿದ ಕವಿ ಹೆಂಡ ಮುಟ್ಟಿದವರಲ್ಲ. ಜಾಹೀರಾತು ಮಾಡುವುದು ಸರಿಯಾಗಿ ಇದರ ವಿರುದ್ಧ: ಕನ್ನಡವನ್ನು ಮುಂದೆ ನಿಲ್ಲಿಸಿ ಸೀಸೆಯನ್ನು ಉಳಿಸಿಕೊಳ್ಳುತ್ತದೆ. ಇನ್ನೊಂದು ಆಕ್ಷೇಪ ಬೊಕ್ಕಸದ್ದು. ಅಬಕಾರಿ ತೆರಿಗೆಯಿಂದ ಶಾಲೆ, ರಸ್ತೆ, ಪಿಂಚಣಿ ನಡೆಯುತ್ತವೆ, ಹಾಗಾದರೆ ಬಿಯರು ನಾಡಿಗೆ ಲೆಕ್ಕ ಕೊಡುತ್ತಿಲ್ಲವೇ? ಕೊಡುತ್ತಿದೆ, ಒಪ್ಪುತ್ತೇನೆ. ಆದರೆ ಆ ತೆರಿಗೆ ಕಾನೂನು ಹೇರಿದ ಹೊರೆ. ಹೆಸರು ತಾನಾಗಿ ಹೊತ್ತ ಹೊಣೆಯಲ್ಲ. ಸರ್ಕಾರವೂ ಇಲ್ಲಿ ನಿಷ್ಕಳಂಕವಲ್ಲ. 1966ರಲ್ಲಿ ನಾಡಿನ ಸರಕನ್ನು ಮಾರಲೆಂದು ಹುಟ್ಟಿದ, ಮಕ್ಕಳಿಗೆ ಲೇಖಕ್ ನೋಟ್‌ಪುಸ್ತಕ ಕೊಡುವ ಮೈಸೂರು ಸೇಲ್ಸ್ ಇಂಟರ್‌ನ್ಯಾಷನಲ್ (ಎಂಎಸ್‌ಐಎಲ್) ಸಂಸ್ಥೆಯ ಹೆಸರಲ್ಲೇ ಇಂದು ಊರೂರಲ್ಲಿ ಮದ್ಯದಂಗಡಿಯ ಬೋರ್ಡು ತೂಗುತ್ತದೆ. ಮೈಸೂರು ಎಂಬ ಹೆಸರನ್ನು ಸೀಸೆಯ ಪಕ್ಕ ತಂದು ನಿಲ್ಲಿಸಿದವರಲ್ಲಿ ನಾವೂ ಇದ್ದೇವೆ.

ಕೊನೆಯ ಆಕ್ಷೇಪ ಎಲ್ಲಕ್ಕಿಂತ ಕಹಿಯಾದದ್ದು. ಹೊಣೆ ಹೊತ್ತ ಹೆಸರುಗಳಿಗೆ ಏನಾಯಿತು ನೋಡಿ ಎನ್ನುತ್ತಾರೆ. ಕಾಗದದ ಕಾರ್ಖಾನೆಯ ಯಂತ್ರಗಳು 2015ರ ಹೊತ್ತಿಗೆ ನಿಂತವು. 1989ರಲ್ಲಿ ಕೇಂದ್ರದ ಉಕ್ಕು ಪ್ರಾಧಿಕಾರಕ್ಕೆ ಸೇರಿದ, ವಿಶ್ವೇಶ್ವರಯ್ಯನವರ ಹೆಸರನ್ನೇ ಹೊತ್ತ ಉಕ್ಕಿನ ಕಾರ್ಖಾನೆಯನ್ನು ಮುಚ್ಚುವ ತೀರ್ಮಾನ 2023ರ ಜನವರಿಯಲ್ಲಿ ಹೊರಬಿತ್ತು. ಗೆದ್ದದ್ದು ಬಿಯರೇ ಅಲ್ಲವೇ? ಮಾರುಕಟ್ಟೆಯಲ್ಲಿ ಹೌದು. ಆದರೆ ಆ ಸುದ್ದಿ ಬಂದಾಗ ಭದ್ರಾವತಿ ಏನು ಮಾಡಿತೆಂದು ನೆನೆಯಿರಿ. ಗುತ್ತಿಗೆ ಕಾರ್ಮಿಕರು ಗೇಟಿನ ಮುಂದೆ ಕೂತರು, ಊರು ಜೊತೆಗೆ ನಿಂತಿತು, ಬೆಂಗಳೂರಿಗೂ ದೆಹಲಿಗೂ ಉತ್ತರ ಹೇಳಿ ಎಂದು ಕೇಳಿತು. ಕೇಳುವ ಹಕ್ಕು ಬಂದದ್ದು ಆ ಹೆಸರಿನಿಂದ. ನೂರು ವರ್ಷದ ಹಿಂದೆ ಕಬ್ಬಿಣದ ಮೇಲೆ ನಾಡಿನ ಹೆಸರು ಒತ್ತಿದವರು, ಕಾಡನ್ನೂ ನದಿಯನ್ನೂ ದುಡಿಮೆಯನ್ನೂ ಪಡೆದು, ಬದಲಿಗೊಂದು ಮಾತು ಕೊಟ್ಟಿದ್ದರು; ಮಾತು ಮುರಿದಾಗ ಜನ ಅದನ್ನು ಮುಂದಿಟ್ಟು ನ್ಯಾಯ ಕೇಳಿದರು. 2021ರಲ್ಲಿ ಮಿಂಚುಳ್ಳಿಯ ಕಂಪನಿ ಪರದೇಶದ ಹಿಡಿತಕ್ಕೆ ಹೋದಾಗ ಅದನ್ನು ‘ನಮ್ಮದು’ ಎಂದು ನಂಬಿದ್ದವರನ್ನು ಯಾರೂ ಕೇಳಲಿಲ್ಲ, ಅವರೂ ಯಾರನ್ನೂ ಕೇಳಲಿಲ್ಲ. ಕೇಳಲು ಹಿಡಿದುಕೊಳ್ಳುವ ಹಗ್ಗವೇ ಅಲ್ಲಿರಲಿಲ್ಲ. ಸರಕೊಂದು ನಾಡಿನ ಹೆಸರೆತ್ತಿದಾಗ ನಾವು ಕೇಳಬೇಕಾದ ಪ್ರಶ್ನೆ ಒಂದೇ: ಇದು ಮುಚ್ಚಿದರೆ, ಮಾರಿಹೋದರೆ, ಕೆಡುಕು ಮಾಡಿದರೆ ಯಾವ ಗೇಟಿನ ಮುಂದೆ ಹೋಗಿ ಕೂರಬೇಕು? ಗೇಟು ತೋರಿಸಲಾರದ ಸರಕಿಗೆ ನಾಡಿನ ಹೆಸರನ್ನು ಕೊಡಬಾರದು. ಭದ್ರಾವತಿಗೆ ತನ್ನ ಗೇಟು ಯಾವುದೆಂದು ಇಂದಿಗೂ ಗೊತ್ತಿದೆ.